ಟೈಲ್ಸ್ ಎಷ್ಟು ಬೇಕು? ಚೌಕ ಎಣಿಸಿ ನೋಡಿ

ಅಂಗಡಿಯವರು ‘ಎರಡು ಬೈ ಎರಡು’ ಎಂದು ಕೊಡುವ ಟೈಲ್ಸ್‌ನ ಅಳತೆ 600 ಮಿ.ಮೀ. ನಿಜವಾದ ಎರಡು ಅಡಿ ಎಂದರೆ 609.6 ಮಿ.ಮೀ. ಹನ್ನೆರಡು ಅಡಿ ಉದ್ದದ ಕೋಣೆಗೆ ಆರು ಟೈಲ್ಸ್ ಸಾಕು ಅಂದುಕೊಂಡವರಿಗೆ ಗೋಡೆಯ ಬುಡದಲ್ಲಿ ಸುಮಾರು ಆರು ಸೆಂ.ಮೀ. ಖಾಲಿ ಉಳಿಯುವುದು ಇದರಿಂದಲೇ.

ಗೋಡೆಯ ಪ್ಲಾಸ್ಟರಿಂಗ್ ಮುಗಿದ ಮೇಲೆ ಅಳೆಯಿರಿ. ಗೋಡೆಗಳು ನೇರವಾಗಿರುವುದು ಅಪರೂಪ. ಉದ್ದ, ಅಗಲ ಎರಡನ್ನೂ ಮೂರು ಮೂರು ಕಡೆ ಅಳೆದು ದೊಡ್ಡ ಅಳತೆಯನ್ನೇ ಇಟ್ಟುಕೊಳ್ಳಿ. 3 ಮೀ. 66 ಸೆಂ.ಮೀ. ಬಂದರೆ 3660 ಮಿ.ಮೀ. ಎಂದು ಬರೆಯಿರಿ, 2 ಮೀ. 85 ಸೆಂ.ಮೀ. ಎಂದರೆ 2850.

ಈಗ ವಿಸ್ತೀರ್ಣ. 3.66 × 2.85 = 10.43 ಚ.ಮೀ. ಒಂದು ಟೈಲ್ 60 × 60 = 3600 ಚ.ಸೆಂ.ಮೀ. ಎಡವುವುದು ಇಲ್ಲೇ: ಮೀಟರಿಗೆ 100 ಸೆಂ.ಮೀ. ಇದೆಯಲ್ಲ ಎಂದು 100ರಿಂದ ಭಾಗಿಸಿದರೆ ಒಂದೇ ಟೈಲ್ 36 ಚ.ಮೀ. ಆಗಿಬಿಡುತ್ತದೆ! ಒಂದು ಚದರ ಮೀಟರಿನಲ್ಲಿ ಸಾಲಿಗೆ 100ರಂತೆ 100 ಸಾಲು, ಒಟ್ಟು 10,000 ಪುಟ್ಟ ಚೌಕಗಳಿವೆ. ಹಾಗಾಗಿ ಟೈಲ್ 0.36 ಚ.ಮೀ. 10.43 ÷ 0.36 ಎಂದರೆ ಸುಮಾರು 29.

ಈ 29ನ್ನು ನಂಬಿ ಅಂಗಡಿಗೆ ಹೋಗಬೇಡಿ. ಗ್ರಾಫ್ ಹಾಳೆಯಲ್ಲಿ 1 ಸೆಂ.ಮೀ. ಚೌಕವನ್ನು ಒಂದು ಟೈಲ್ ಎಂದಿಟ್ಟುಕೊಂಡು 6.1 × 4.75 ಸೆಂ.ಮೀ. ಆಯತ ಬರೆಯಿರಿ (3660 ÷ 600, 2850 ÷ 600). ಅರ್ಧಕ್ಕಿಂತ ಹೆಚ್ಚಿದ್ದರೆ ಒಂದು, ಕಡಿಮೆ ಇದ್ದರೆ ಬಿಡು ಎನ್ನುವ ಶಾಲೆಯ ನಿಯಮದಲ್ಲಿ ಎಣಿಸಿದರೆ 30 ಬರುತ್ತದೆ. ಎಲೆಯ ವಿಸ್ತೀರ್ಣಕ್ಕೆ ಅದು ಸರಿ, ನೆಲಕ್ಕೆ ಸಲ್ಲದು. ಗೆರೆ ಒಳಗೆ ತುಸು ಬಂದ ಚೌಕವನ್ನೂ ಎಣಿಸಿ: 7 × 5 = 35.

ಉದ್ದದ ಕೊನೆಯಲ್ಲಿ ಉಳಿಯುವ ಪಟ್ಟಿಯನ್ನು ಹಾಗೇ ಹಾಕಿಸಬೇಡಿ. ಟೈಲ್ಸ್ ನಡುವಿನ ಆರು ಸಂದಿಗೆ ಇಡುವ 2 ಮಿ.ಮೀ. ಸ್ಪೇಸರ್‌ಗಳನ್ನು ಕಳೆದರೆ ಅದು 48 ಮಿ.ಮೀ. ಮಾತ್ರ, ಕತ್ತರಿಸುವಾಗಲೇ ಮುರಿಯುತ್ತದೆ, ಹಾಕಿದರೂ ಅಂದಗೆಡುತ್ತದೆ. ಮಧ್ಯದಲ್ಲಿ ಐದು ಇಡೀ ಟೈಲ್ಸ್ ಬರಲಿ, ಎರಡೂ ತುದಿಗೆ 324 ಮಿ.ಮೀ. ತುಂಡು ಬರಲಿ ಎಂದು ಮೇಸ್ತ್ರಿಗೆ ಮೊದಲೇ ಹೇಳಿ. ಒಂದು ಟೈಲ್‌ನಿಂದ ಇಂಥ ಎರಡು ತುಂಡು ಹೊರಡುವುದಿಲ್ಲ (648 ಬೇಕು, ಇರುವುದು 600), ಹಾಗಾಗಿ ಸಾಲಿಗೆ ಏಳು ಬೇಕೇ ಬೇಕು.

ಮಿಕ್ಕ ತುಂಡುಗಳನ್ನು ಎಸೆಯಲು ಬಿಡಬೇಡಿ. 276 ಮಿ.ಮೀ. ಅಗಲದ ಎಂಟು ತುಂಡುಗಳಿಂದ 100 ಮಿ.ಮೀ. ಎತ್ತರದ ಸ್ಕರ್ಟಿಂಗ್ (ಗೋಡೆಯ ಬುಡಕ್ಕೆ ಹಚ್ಚುವ) ಪಟ್ಟಿ 16, ಅಗಲದ ಬದಿಯ ಕೊನೆಯ ಸಾಲಿಗೆ 442 ಮಿ.ಮೀ. ಕತ್ತರಿಸಿದ ಮೇಲೆ ಉಳಿಯುವ 158 ಮಿ.ಮೀ. ತುಂಡುಗಳಿಂದ ಇನ್ನೈದು ಸಿಗುತ್ತವೆ. ಒಟ್ಟು 12.6 ಮೀ. ಸುತ್ತಳತೆ 13.02 ಮೀ.; 90 ಸೆಂ.ಮೀ. ಬಾಗಿಲು ಕಳೆದರೆ ಬೇಕಾದ್ದು 12.12 ಮೀ.

ಈ ಅಳತೆಯ ಟೈಲ್ಸ್ ಸಾಮಾನ್ಯವಾಗಿ ಬಾಕ್ಸಿಗೆ ನಾಲ್ಕು. ಒಂಬತ್ತು ಬಾಕ್ಸ್ ತಂದರೆ ಒಡೆದಾಗ ಬದಲಿಗೆ ಉಳಿಯುವುದು ಒಂದೇ. ಹತ್ತು ತನ್ನಿ, ಎಲ್ಲದರ ಮೇಲೂ ಒಂದೇ ಬ್ಯಾಚ್ ನಂಬರ್ ಇರಲಿ, ಇಲ್ಲದಿದ್ದರೆ ಬಣ್ಣ ತುಸು ಬೇರೆಯಾದೀತು. ಬಿಲ್ಲನ್ನೂ ನೋಡಿ: ನಾಲ್ಕು ಟೈಲ್ಸ್ 1.44 ಚ.ಮೀ., ಅಂದರೆ 15.5 ಚದರ ಅಡಿ. 16 ಎಂದು ಹಾಕಿದ್ದರೆ ಹತ್ತು ಬಾಕ್ಸಿಗೆ 5 ಚದರ ಅಡಿಯ ದುಡ್ಡು ಹೆಚ್ಚಿಗೆ ಹೋಗುತ್ತದೆ.