ಇರುಳವ್ವನಿಗೊಂದು ಬದುಕು ಕಟ್ಟಿದ್ದು

ನನ್ನ ಕಥೆಯ ಇರುಳವ್ವನನ್ನು ಮೊದಲ ಸಲ ಬರೆದಾಗ ಅವಳು ತಂತಿ ಮೀಟಿದರೆ ಕಲ್ಲು ಕರಗುತ್ತಿತ್ತು, ಹುಲಿ ಬಂದು ಕಾಲ ಬಳಿ ಮಲಗುತ್ತಿತ್ತು. ಇಪ್ಪತ್ತು ಪುಟ ಹೀಗೇ ಹೋಯಿತು. ಓದಿದ ಗೆಳತಿ ಒಂದೇ ಪ್ರಶ್ನೆ ಕೇಳಿದಳು: "ಇವಳು ಬೆಳಿಗ್ಗೆ ಎದ್ದು ಮೊದಲು ಏನು ಮಾಡ್ತಾಳೆ?"

ನನ್ನ ಹತ್ತಿರ ಉತ್ತರ ಇರಲಿಲ್ಲ. ಆಗ ಅವಳ ಹೆಸರು ಸ್ವರ್ಣಮಂಜರಿ ಅಂತ ಬೇರೆ ಇತ್ತು. ಸಂಜೆ ಏಳರ ಸೀರಿಯಲ್‌ನಿಂದ ಎದ್ದು ಬಂದ ಹಾಗೆ.

ನಾನು ಕಟ್ಟುತ್ತಿದ್ದ ಲೋಕದ ಹೆಸರು ಒಣಗಡಲು. ಸಮುದ್ರ ಬತ್ತಿಹೋಗಿ ಉಪ್ಪಿನ ಬಯಲಾದ ನಾಡು. ನಕ್ಷೆ ಇತ್ತು, ರಾಜರ ವಂಶಾವಳಿ ಇತ್ತು, ಎರಡು ಚಂದ್ರರೂ ಇದ್ದರು. ವಾದ್ಯ ಮಾತ್ರ ಸುಮ್ನೆ "ವೀಣೆಯಂಥದ್ದು". ಅದು ಯಾವ ಮರದ್ದು, ತಂತಿ ಎಷ್ಟು, ಕೆಟ್ಟರೆ ರಿಪೇರಿ ಯಾರು ಮಾಡುತ್ತಾರೆ ಎಂದು ಯೋಚಿಸಿರಲೇ ಇಲ್ಲ.

ಹಾಗಾಗಿ ಮೈಸೂರಿನಲ್ಲಿ ವೀಣೆ ರಿಪೇರಿ ಮಾಡುವವರೊಬ್ಬರ ಮುಂದೆ ಒಂದು ಮಧ್ಯಾಹ್ನ ಹೋಗಿ ಕೂತೆ. ವೀಣೆಗೆ ಏಳು ತಂತಿ: ನುಡಿಸಲು ನಾಲ್ಕು, ಪಕ್ಕದಲ್ಲಿ ತಾಳಕ್ಕೆ ಮೂರು. 24 ಲೋಹದ ಮೆಟ್ಟಿಲು, ಅಂದರೆ ಸ್ವರಕ್ಕೆ ತಕ್ಕಂತೆ ತಂತಿ ಒತ್ತಲು ಅದರ ಕೆಳಗಿರುವ ಅಡ್ಡಪಟ್ಟಿಗಳು. ಈ ಮೆಟ್ಟಿಲುಗಳು ನಿಂತಿರುವುದು ಮೊಳೆಯ ಮೇಲಲ್ಲ, ಕರಿ ಮೇಣದ ಮೇಲೆ. ಅವರು ಒಂದು ಮೆಟ್ಟಿಲನ್ನು ಮೆತ್ತಗಿನ ಮೇಣದಲ್ಲಿ ಕೂರಿಸಿದರು, ತಂತಿ ಮೀಟಿದರು, ತಲೆ ಅಡ್ಡ ಆಡಿಸಿದರು. ಹೆಬ್ಬೆರಳಿನಿಂದ ಕೂದಲೆಳೆಯಷ್ಟು ತಳ್ಳಿ ಮತ್ತೆ ಮೀಟಿದರು. ಹೀಗೆ ಏಳೆಂಟು ಸಲ ಆದಮೇಲೆ, "ಹ್ಞಾಂ, ಕೂತ್ಕೊಂಡ" ಎಂದರು, ಹಟ ಮಾಡುವ ಮಗುವಿನ ಬಗ್ಗೆ ಹೇಳುವ ಹಾಗೆ. ಹೊರಡುವಾಗ ಇನ್ನೊಂದು ಮಾತು ಸೇರಿಸಿದರು: ವೀಣೆಯನ್ನು ಬಿಸಿಲಲ್ಲಿ ನಿಂತ ಕಾರಿನೊಳಗೆ ಬಿಟ್ಟು ಹೋಗಬಾರದು, ಮೇಣ ಸಡಿಲವಾದರೆ ಸ್ವರ ಹೋಯಿತು.

ಬಸ್ಸಿನಲ್ಲಿ ವಾಪಸ್ ಬರುವಾಗ ತಲೆಯಲ್ಲಿ ಅದೊಂದೇ ಮಾತು. ನನ್ನ ನಾಡಿನಲ್ಲಿ ಮರದ ನೆರಳೇ ಇಲ್ಲವಲ್ಲ! ಅಲ್ಲಿ ಹಗಲು ವೀಣೆ ನುಡಿಸಲು ಆಗುವುದೇ ಇಲ್ಲ. ಸೂರ್ಯ ಹುಟ್ಟುವ ಮೊದಲು ನುಡಿಸಿ ಮುಗಿಸಬೇಕು.

ಅವಳಿಗೆ ಇರುಳವ್ವ ಎಂಬ ಹೆಸರು ಬಂದದ್ದು ಹಾಗೆ. ಉಳಿದದ್ದು ಒಂದರ ಹಿಂದೆ ಒಂದು ಬಂತು. ಮರವಿಲ್ಲದ ಕಡೆ ವಾದ್ಯಕ್ಕೆ ಮರ ಎಲ್ಲಿಂದ? ಬತ್ತಿದ ಕಡಲಿನಲ್ಲಿ ಬಿದ್ದಿರುವ ಹಳೆಯ ಹಡಗುಗಳಿಂದ. ಅದಕ್ಕೇ ಅಲ್ಲಿನ ಜನ ಆ ವಾದ್ಯಕ್ಕೆ "ದೋಣಿ" ಎನ್ನುತ್ತಾರೆ. ಉಪ್ಪಿನ ಬಯಲಲ್ಲಿ ಜೇನಿಲ್ಲ, ಮೇಣ ದೂರದ ಬೆಟ್ಟದಿಂದ ಬರಬೇಕು. ಹಾಗಾದರೆ ಯಾರು ನುಡಿಸಬೇಕು, ಯಾರು ಬಿಡಬೇಕು ಎಂದು ಹೇಳುವವನು ರಾಜನಲ್ಲ, ಮೇಣದ ವ್ಯಾಪಾರಿ. ಗೆಳತಿಯ ಪ್ರಶ್ನೆಗೂ ಉತ್ತರ ಸಿಕ್ಕಿತು. ಇರುಳವ್ವ ಎದ್ದವಳೇ ಕತ್ತಲಲ್ಲಿ ಒಂದೊಂದೇ ಮೆಟ್ಟಿಲನ್ನು ಹೆಬ್ಬೆರಳಿನಿಂದ ಮುಟ್ಟಿ ನೋಡುತ್ತಾಳೆ.

ಇಲ್ಲಿ ನನಗೆ ಧೈರ್ಯ ಕೊಟ್ಟಿದ್ದು ಪಿಟೀಲು ವಿದ್ವಾಂಸ ಟಿ. ಚೌಡಯ್ಯನವರು (1895–1967). ಮೈಕಿಲ್ಲದ ಕಾಲದಲ್ಲಿ ಹಿಂದೆ ಕೂತವರಿಗೂ ಪಿಟೀಲು ಕೇಳಬೇಕಿತ್ತು. ಅದಕ್ಕೇ ಅವರು ನಾಲ್ಕು ತಂತಿಯನ್ನು ಏಳು ಮಾಡಿಕೊಂಡರು. ಇವತ್ತು ಆ ಏಳು ತಂತಿಯೇ ಅವರ ಕಥೆ. ಬೆಂಗಳೂರಿನಲ್ಲಿ ಅವರ ಹೆಸರಿನ ಸಭಾಂಗಣವನ್ನೇ ಪಿಟೀಲಿನ ಆಕಾರದಲ್ಲಿ ಕಟ್ಟಿದ್ದಾರೆ. ಹಿಂದಿನ ಸಾಲಿನ ಒಂದು ತೊಂದರೆ ಎಲ್ಲಿಗೆ ಬಂದು ನಿಂತಿತು ನೋಡಿ.

ಇರುಳವ್ವ ಹಗಲು ನುಡಿಸದಿರುವುದಕ್ಕೆ ಮೇಣವೇ ಕಾರಣ ಅಂತ ನನಗೆ ಗೊತ್ತು, ಅವಳಿಗೂ ಗೊತ್ತು. ಊರಿಗೆ ಗೊತ್ತಿಲ್ಲ. ಉಪ್ಪು ಗೋರುವವರು ಸೂರ್ಯನ ಶಾಪ ಎನ್ನುತ್ತಾರೆ. ಅರಮನೆಯವರು ಜಂಬ ಎನ್ನುತ್ತಾರೆ. ನಾನು ಯಾರನ್ನೂ ತಿದ್ದಲು ಹೋಗಲಿಲ್ಲ. ತಾನ್‌ಸೇನನ ಸಮಾಧಿ ಗ್ವಾಲಿಯರ್‌ನಲ್ಲಿದೆ. ಅಲ್ಲಿನ ಹುಣಸೆ ಎಲೆ ಜಗಿದರೆ ಗಂಟಲು ಇಂಪಾಗುತ್ತದೆ ಎಂಬ ನಂಬಿಕೆ ಇದೆ. ಅವನ ದನಿ ಕೇಳಿದವರು ಯಾರೂ ಉಳಿದಿಲ್ಲ, ಎಲೆ ಜಗಿಯುವವರು ಇದ್ದಾರೆ. ನನ್ನ ನಾಡಿನಲ್ಲಿ ಬಾಣಂತಿಯ ದಿಂಬಿನಡಿ ಇರುಳವ್ವನ ಮೇಣದ ಚೂರು ಇಡುತ್ತಾರೆ. ನಕಲಿ ಚೂರು ಮಾರುವ ಒಂದು ಬೀದಿಯೇ ಇದೆ. ಬರೆಯುವಾಗ ಜಾಸ್ತಿ ಖುಷಿ ಕೊಟ್ಟಿದ್ದು ಆ ಬೀದಿ.

ನಾದವನ್ನು ಬಣ್ಣಿಸುವುದನ್ನು ಪೂರ್ತಿ ಬಿಟ್ಟೆ. ಜೇನಿನಂಥ, ಗಂಧರ್ವರಂಥ ಎಲ್ಲ ಹೊಡೆದು ಹಾಕಿದೆ. ಅವಳು ನುಡಿಸುವಾಗ ಕಣ್ಣು ಕೇಳುವವರ ಮೇಲೆಯೇ ಇರಬೇಕು ಅಂದುಕೊಂಡೆ. ಉಪ್ಪಿಗೆ ಬಿರಿದ ಹಿಮ್ಮಡಿ ಕೆರೆದುಕೊಳ್ಳುತ್ತಿದ್ದ ಮುದುಕನ ಕೈ ಅಲ್ಲೇ ನಿಲ್ಲುತ್ತದೆ. ಅಷ್ಟೇ. ಆಮೇಲೆ ನೆನಪಾಗಿ ಮತ್ತೆ ಕೆರೆದುಕೊಳ್ಳುತ್ತಾನೆ.

ವಯಸ್ಸಿನ ಲೆಕ್ಕ ಒಂದೆರಡು ಕಡೆ ತಪ್ಪಿತ್ತು. ಶಿಷ್ಯೆ ಗುರುವಿಗಿಂತ ದೊಡ್ಡವಳಾಗಿಬಿಟ್ಟಿದ್ದಳು. ಹಳೆಯ ಕ್ಯಾಲೆಂಡರ್ ಹಿಂದೆ ಗೆರೆ ಎಳೆದು ಸರಿಮಾಡಿದೆ.

ಕೊನೆಗೆ ಕಷ್ಟವಾಗಿದ್ದು ಸಾವು. ಒಂಬತ್ತು ಪುಟ ಬರೆದಿದ್ದೆ. ಮಳೆ, ಅಳುವ ಜನ, ಶಿಷ್ಯೆಯ ಕೈಗೆ ದೋಣಿ ಕೊಡುವುದು, ಎಲ್ಲ ಇತ್ತು. ಎಲ್ಲವನ್ನೂ ತೆಗೆದೆ. ಈಗಿರುವುದು ಮೇಣದ ವ್ಯಾಪಾರಿಯ ಲೆಕ್ಕದ ಪುಸ್ತಕದ ಒಂದು ಪುಟ. ಪ್ರತಿ ವರ್ಷದಂತೆ ಅವಳ ಹೆಸರು ಬರೆದಿದೆ, ಎದುರಿಗೆ ತೂಕ ಬರೆಯುವ ಜಾಗ ಖಾಲಿ. ಆ ಒಂಬತ್ತು ಪುಟದಲ್ಲಿ ಒಂದು ಒಳ್ಳೆಯ ಒಂಟೆ ಇತ್ತು, ಅದೂ ಹೋಯಿತಲ್ಲ ಅಂತ ಗೆಳತಿಗೆ ಇನ್ನೂ ಬೇಜಾರು.