ಮನೆ ಒಂದೇ, ಒಕ್ಕಲು ಬೇರೆ ಬೇರೆ

ನನ್ನ ಹತ್ತಿರ ಎರಡು ಡಬ್ಬ ತುಂಬ ಹಳೇ ವಿಎಚ್‌ಎಸ್ ಕ್ಯಾಸೆಟ್ ಇದ್ದವು. ಹೆಚ್ಚಿನವು ಕಡಿಮೆ ಖರ್ಚಿನ ದೆವ್ವದ ಸಿನಿಮಾಗಳ ಎರಡನೇ, ಮೂರನೇ ಭಾಗಗಳು. ಮೊದಲ ಭಾಗವನ್ನು ಯಾರಾದರೂ ಜೋಪಾನ ಮಾಡಿರುತ್ತಾರೆ, ಮೂರನೆಯದಕ್ಕೆ ದಿಕ್ಕಿಲ್ಲ. ಥಿಯೇಟರ್ ಮುಖ ನೋಡದೆ ನೇರ ಕ್ಯಾಸೆಟ್‌ಗೆ ಬಂದ ಸಿನಿಮಾಗಳು ಇವು. ಕಂಪ್ಯೂಟರಿಗೆ ಇಳಿಸೋಣ ಅಂತ ಕೂತೆ.

ಮೊದಲ ಕ್ಯಾಸೆಟ್‌ನಲ್ಲೇ ಎಡವಿದೆ. ಟೇಪಿನ ಅಂಚಿಗೆ ಬಿಳಿ ಬೂಷ್ಟು ಹಿಡಿದಿತ್ತು. ನೋಡಿಯೂ ಸುಮ್ನೆ ವಿಸಿಆರ್‌ಗೆ ಹಾಕಿದೆ. ಟೇಪ್ ಓದುವ ಹೆಡ್ ಕೊಳೆಯಾಗಿ ಪರದೆ ತುಂಬ ಬರೀ ಚುಕ್ಕಿ! ಐಸೊಪ್ರೊಪೈಲ್ ಆಲ್ಕೋಹಾಲ್‌ನಲ್ಲಿ ಒರೆಸಿ ಸರಿ ಮಾಡಿದೆ. ಈಗ ಟಾರ್ಚ್ ಬಿಟ್ಟು ನೋಡದೆ ಯಾವ ಟೇಪನ್ನೂ ಹಾಕುವುದಿಲ್ಲ. ಚಿತ್ರ ಸಾಗಿಸಲು ಎಸ್-ವಿಡಿಯೊ ತಂತಿ, ನಡುವೆ ಅಲುಗಾಡುವ ಚಿತ್ರವನ್ನು ಸ್ಥಿರ ಮಾಡುವ ಟೈಮ್ ಬೇಸ್ ಕರೆಕ್ಟರ್, ಮೂಲ ಪ್ರತಿ ಗುಣಮಟ್ಟ ಕಳೆಯದ ಎಫ್‌ಎಫ್‌ವಿ1ನಲ್ಲಿ, ನೋಡಲು ಚಿಕ್ಕ ಎಂಪಿ4. ಇಷ್ಟು ಸಾಕು.

ನಿಜವಾದ ತಲೆನೋವು ಹೆಸರಿನದು. ಅಮೆರಿಕದ ದೆವ್ವದ ಸಿನಿಮಾ ‘ದಿ ಈವಿಲ್ ಡೆಡ್’ ಇಟಲಿಯಲ್ಲಿ ‘ಲಾ ಕಾಸಾ’ ಅಂತ ಬಂತು, ಅಂದರೆ ಮನೆ. ಅದರ ಮುಂದಿನ ಭಾಗ ‘ಲಾ ಕಾಸಾ 2’. 1988ರಲ್ಲಿ ಇಟಲಿಯ ನಿರ್ದೇಶಕ ಉಂಬೆರ್ಟೊ ಲೆಂಜಿ ಮಾಡಿದ ‘ಘೋಸ್ಟ್‌ಹೌಸ್’ ಅಲ್ಲಿ ‘ಲಾ ಕಾಸಾ 3’ ಆಯಿತು. ಕಥೆಗೆ ಸಂಬಂಧವೇ ಇಲ್ಲ! ಹೀಗಿರುವಾಗ ಕ್ಯಾಸೆಟ್ ರಟ್ಟಿನ ಮೇಲಿನ ಹೆಸರನ್ನು ನಂಬುವುದು ಹೇಗೆ? ನಾನು ನಂಬಿದ್ದೆ. ಹಳೇ ಸಿನಿಮಾ, ಪುಸ್ತಕಗಳನ್ನು ಉಚಿತವಾಗಿ ಕಾಪಿಡುವ ಜಾಲತಾಣ ಇಂಟರ್ನೆಟ್ ಆರ್ಕೈವ್‌ನಲ್ಲಿ ಹುಡುಕಿ, ಸಿಗಲಿಲ್ಲವೆಂದು ಒಂದು ಟೇಪಿಗೆ ಮೂರು ರಾತ್ರಿ ಕಳೆದೆ. ಅದೇ ಸಿನಿಮಾ ಬೇರೆ ಹೆಸರಲ್ಲಿ, ನನ್ನದಕ್ಕಿಂತ ಚೆನ್ನಾಗಿ, ಅಲ್ಲೇ ಕೂತಿತ್ತು.

ಈಗ ಮೊದಲು ಸಿನಿಮಾದ ಕೊನೆಯಲ್ಲಿ ಓಡುವ ಹೆಸರುಗಳ ಪಟ್ಟಿ ನೋಡುತ್ತೇನೆ. ನಿರ್ದೇಶಕರು, ಇಬ್ಬರು ನಟರು, ವರ್ಷ, ಇಷ್ಟನ್ನು ಹಾಕಿ ಹುಡುಕುತ್ತೇನೆ. ಸಿನಿಮಾದ ಉದ್ದ ಹೊಂದದಿದ್ದರೆ ಕತ್ತರಿ ಬಿದ್ದಿದೆ ಅಂತ ತಕ್ಷಣ ಅಂದುಕೊಳ್ಳಬೇಡಿ. ಭಾರತ, ಯುರೋಪಿನ ಟಿವಿ ಪದ್ಧತಿಯಾದ ಪಾಲ್ ಟೇಪಿನಲ್ಲಿ ಸೆಕೆಂಡಿಗೆ 24ರ ಬದಲು 25 ಚೌಕಟ್ಟು ಓಡುತ್ತವೆ. 90 ನಿಮಿಷದ ಸಿನಿಮಾ ಸುಮಾರು 86ಕ್ಕೇ ಮುಗಿಯುತ್ತದೆ.

ಹಕ್ಕಿನ ವಿಷಯದಲ್ಲೂ ಹೆಸರು ಆಟ ಆಡಿದ್ದಿದೆ. 1968ರ ‘ನೈಟ್ ಆಫ್ ದಿ ಲಿವಿಂಗ್ ಡೆಡ್’ಗೆ ಕೊನೆ ಗಳಿಗೆಯಲ್ಲಿ ಹೆಸರು ಬದಲಾಯಿಸುವಾಗ ಕಾಪಿರೈಟ್ ಸಾಲು ಬಿಟ್ಟುಹೋಯಿತು. ಹಾಗಾಗಿ ಅಮೆರಿಕದಲ್ಲಿ ಅದು ಎಲ್ಲರ ಸೊತ್ತು. ಆದರೆ 1978ರ ಮುಂದಿನ ಭಾಗಕ್ಕೆ ಆ ಅದೃಷ್ಟ ಇಲ್ಲ. ಆದ್ದರಿಂದ ಒಪ್ಪಿಗೆ ಸಿಕ್ಕಿದ್ದನ್ನು ಮಾತ್ರ ಆರ್ಕೈವ್‌ಗೆ ಏರಿಸುತ್ತೇನೆ. ಉಳಿದವು ಎರಡು ಹಾರ್ಡ್‌ಡಿಸ್ಕ್‌ನಲ್ಲಿ, ಫೈಲ್ ಕೆಟ್ಟಿದೆಯೇ ಎಂದು ತಿಳಿಸುವ ಚೆಕ್‌ಸಮ್ ಜೊತೆ ಕಾಯುತ್ತಿವೆ.

ಹಾಗೆ ಏರಿಸಿದ ಮೊದಲನೆಯದಕ್ಕೆ ರಟ್ಟಿನ ಮೇಲಿದ್ದ ತಪ್ಪು ಹೆಸರನ್ನೇ ಐಡೆಂಟಿಫೈಯರ್ ಆಗಿ, ಅಂದರೆ ವೆಬ್ ವಿಳಾಸದಲ್ಲಿ ಬರುವ ಗುರುತಾಗಿ, ಕೊಟ್ಟಿದ್ದೆ. ಅಲ್ಲಿ ಒಮ್ಮೆ ಕೊಟ್ಟ ಐಡೆಂಟಿಫೈಯರ್ ಬದಲಾಗುವುದಿಲ್ಲ. ಶೀರ್ಷಿಕೆ ತಿದ್ದಿ, ವಿವರಣೆಯಲ್ಲಿ ಗೊತ್ತಿರುವ ಎಲ್ಲಾ ಹೆಸರು ತುಂಬಿದೆ. ವಿಳಾಸದಲ್ಲಿ ಇನ್ನೂ ‘ಭಾಗ 4’ ಅಂತಲೇ ಇದೆ. ಒಂದು, ಎರಡು, ಮೂರು ಎಲ್ಲಿ ಅಂತ ಆಗಾಗ ಯಾರಾದರೂ ಕೇಳುತ್ತಾರೆ.