ಮಾಯಾಜಿಂಕೆಯ ಮೈಗೆ ಚಿನ್ನ ಬಂದದ್ದು

ತೊಗಲುಗೊಂಬೆಯಾಟಕ್ಕೆಂದು ನಾನು ಚರ್ಮದಲ್ಲಿ ಮಾಡಿದ ಮೊದಲ ಜಿಂಕೆ ಹಗಲಿನಲ್ಲಿ ನೋಡಲು ಚೆನ್ನಾಗಿಯೇ ಇತ್ತು. ಹದಿನೈದು ದಿನ ಶಾಲೆ ಬಿಟ್ಟ ಮೇಲೆ ಕುಳಿತು ಕೊಂಬು, ಕೊರಳು, ಬೆನ್ನಿನ ಚುಕ್ಕೆಗಳನ್ನೆಲ್ಲ ಕೊರೆದಿದ್ದೆ. ಸಂಜೆ ಹಿಂದೆ ದೀಪವಿಟ್ಟು ಪರದೆಗೆ ಒತ್ತಿ ಹಿಡಿದಾಗ ಕಂಡದ್ದು ಮಾತ್ರ ಬರಿಯ ಕಪ್ಪು ಮುದ್ದೆ. ತೊಗಲುಗೊಂಬೆಯಾಟದ ಮನೆತನದಲ್ಲಿ ಹುಟ್ಟಿ ಬೆಳೆದ ಅಜ್ಜನೊಬ್ಬರು ಅದನ್ನು ತಿರುಗಿಸಿ ಮುರುಗಿಸಿ ನೋಡಿ, "ಇದು ಚಪ್ಪಲಿ ಹೊಲಿಯುವ ತೊಗಲು ತಾಯೀ, ಇದರೊಳಗೆ ಬೆಳಕು ಇಳಿಯುವುದಿಲ್ಲ" ಎಂದರು. ಅಂಗಡಿಯಲ್ಲಿ ಸಿಗುವ ಹದ ಮಾಡಿದ ಚರ್ಮ ಎಷ್ಟೇ ತೆಳ್ಳಗಿದ್ದರೂ ದೀಪವನ್ನು ನುಂಗಿಬಿಡುತ್ತದೆ. ಗೊಂಬೆಗೆ ಬೇಕಾದದ್ದು ಹದ ಮಾಡದ ಹಸಿ ತೊಗಲು, ಅದರಲ್ಲೂ ಮೇಕೆಯದು.

ನಾನು ಕೊಪ್ಪಳದ ಕಡೆಯ ಒಂದು ಶಾಲೆಯಲ್ಲಿ ಚಿತ್ರಕಲೆ ಕಲಿಸುತ್ತೇನೆ. ಇದೇ ಜಿಲ್ಲೆಯ ಮೋರನಾಳದ ತೊಗಲುಗೊಂಬೆ ಕಲಾವಿದೆ ಭೀಮವ್ವ ಶಿಳ್ಳೇಕ್ಯಾತರ ಅವರಿಗೆ 2025ರಲ್ಲಿ ಪದ್ಮಶ್ರೀ ಬಂದಾಗ ನಮ್ಮ ಮಕ್ಕಳು ಪತ್ರಿಕೆಯಲ್ಲಿದ್ದ ಅವರ ಚಿತ್ರವನ್ನು ಕತ್ತರಿಸಿ ಗೋಡೆಗೆ ಅಂಟಿಸಿದರು. "ಈ ಗೊಂಬೆ ಹೇಗೆ ಮಾಡುತ್ತಾರೆ ಟೀಚರ್?" ಎಂದು ಕೇಳಿದರು. ನನಗೆ ಗೊತ್ತಿರಲಿಲ್ಲ. ಪಕ್ಕದ ಊರಿನಲ್ಲೇ ಇದ್ದ ಆ ಅಜ್ಜನ ಮನೆಗೆ ಹೋದದ್ದು ಹಾಗೆ.

ಹಸಿ ತೊಗಲಿನ ಕೆಲಸ ಮೈಮುರಿಯುವ ಕೆಲಸ. ಸುಣ್ಣದ ನೀರಿನಲ್ಲಿ ನೆನೆಸಿ, ಕೂದಲು ಸಡಿಲವಾದ ಮೇಲೆ ಮೊಂಡು ಚೂರಿಯಿಂದ ಹೆರೆಯಬೇಕು. ಒಳಮೈಗೆ ಅಂಟಿದ ಕೊಬ್ಬು, ಪೊರೆ ಎಲ್ಲವೂ ಹೋಗಬೇಕು. ನಾಲ್ಕಾರು ಸಲ ತೊಳೆದರೂ ಕೈಯ ವಾಸನೆ ಎರಡು ದಿನ ಬಿಡುವುದಿಲ್ಲ. ಆಮೇಲೆ ಸುತ್ತಲೂ ಬಿಗಿಯಾಗಿ ಎಳೆದು ಕಟ್ಟಿ ನೆರಳಿನಲ್ಲಿ ಒಣಗಿಸಬೇಕು. ಬಿಗಿ ಬೇಕೇ ಬೇಕು. ಎಳೆದು ಕಟ್ಟಿದಾಗ ತೊಗಲಿನ ಎಳೆಗಳು ಚಪ್ಪಟೆಯಾಗಿ ಒಂದರ ಮೇಲೊಂದು ಮಲಗುತ್ತವೆ, ಬೆಳಕಿಗೆ ದಾರಿ ಬಿಡುತ್ತವೆ. ನಾನು ಅವಸರಪಟ್ಟು ಒಂದು ತೊಗಲನ್ನು ಬಿಸಿಲಿಗೆ ಇಟ್ಟೆ. ಮಧ್ಯಾಹ್ನದ ಹೊತ್ತಿಗೆ ಅದು ಹಪ್ಪಳದಂತೆ ಮುರುಟಿಕೊಂಡಿತ್ತು. ಎರಡನೆಯದು ಸರಿಯಾಗಿ ಬಂತು. ಕಿಟಕಿಗೆ ಹಿಡಿದರೆ ಆಚೆಯ ಬೇವಿನ ಮರದ ಟೊಂಗೆಗಳು ಜೇನುಬಣ್ಣದಲ್ಲಿ ಮಸುಕಾಗಿ ಕಾಣುತ್ತಿದ್ದವು. ಅಷ್ಟು ಸುಂದರವಾದ ಹಾಳೆಯ ಮೇಲೆ ನಾನು ಎಂದೂ ಚಿತ್ರ ಬರೆದಿರಲಿಲ್ಲ.

ಮೊಳೆಯ ತುದಿಯಿಂದ ಗೆರೆ ಎಳೆದು, ಕೆಳಗೆ ಮರದ ಹಲಗೆ ಇಟ್ಟು, ಉಳಿಯಿಂದ ತೂತು ಹೊಡೆದೆ. ತೂತು ತೂತಿನ ನಡುವೆ ಒಂದು ಜೋಳದ ಕಾಳಿನಷ್ಟಾದರೂ ಜಾಗ ಉಳಿಯಬೇಕು ಎಂದು ಅಜ್ಜ ಪದೇ ಪದೇ ಹೇಳಿದರು. ಹತ್ತಿರ ಹತ್ತಿರ ಹೊಡೆದರೆ ಪರದೆಯ ಮೇಲೆ ಎರಡು ಚುಕ್ಕೆ ಸೇರಿ ಒಂದಾಗುತ್ತವೆ, ನಾಲ್ಕು ಆಟಕ್ಕೆ ತೊಗಲೂ ಹರಿಯುತ್ತದೆ. ಕೊರಳನ್ನು ಬೇರೆಯಾಗಿ ಕತ್ತರಿಸಿ ದಾರದ ಗಂಟಿನಿಂದ ಕೂಡಿಸಿದೆ, ಜಿಂಕೆ ಹಿಂದಿರುಗಿ ನೋಡಬೇಕಲ್ಲ!

ನನ್ನನ್ನು ಹೆಚ್ಚು ಕಾಡಿದ್ದು ಬಣ್ಣ. ಕಾಗದದ ಮೇಲಿನ ಬಣ್ಣ ಬೆಳಕನ್ನು ನಮ್ಮ ಕಣ್ಣಿಗೆ ವಾಪಸು ಕೊಡುತ್ತದೆ. ತೊಗಲಿನ ಬಣ್ಣವನ್ನು ಬೆಳಕು ಹಿಂದಿನಿಂದ ತೂರಿಕೊಂಡು ಬರುತ್ತದೆ. ಇಪ್ಪತ್ತು ವರ್ಷ ಬಣ್ಣ ಕಲಿಸಿದ ನಾನು ಇದನ್ನು ಯೋಚಿಸಿಯೇ ಇರಲಿಲ್ಲ. ಚಿನ್ನದ ಜಿಂಕೆಯೆಂದು ಮೈತುಂಬ ಹಳದಿ ಬಳಿದೆ. ಅಜ್ಜ ಹರಳೆಣ್ಣೆಯ ದೀಪ ಹಚ್ಚಿದರು. ದೀಪದ ಬೆಳಕೇ ಹಳದಿ. ಬಿಳಿಯ ಪಂಚೆಯ ಪರದೆಯೂ ಅದರಿಂದ ಹಳದಿಯಾಗಿತ್ತು. ನನ್ನ ಜಿಂಕೆ ಅದರಲ್ಲಿ ಕರಗಿಹೋಗಿ ಅಂಚಿನ ಗೆರೆ ಮಾತ್ರ ಉಳಿಯಿತು. ಕಣ್ಣಿಗೆ ಹಚ್ಚಿದ್ದ ನೀಲಿ ಕಪ್ಪಾಗಿ ಕಂಡಿತು.

ಅಜ್ಜ ತಮ್ಮ ಹಳೆಯ ಜಿಂಕೆಯನ್ನು ಪೆಟ್ಟಿಗೆಯಿಂದ ತೆಗೆದರು. ಅದರ ಮೈಯೆಲ್ಲ ಕೆಂಪು, ಅಂಚಿಗೆ ದೀಪದ ಕಾಡಿಗೆಯ ಕಪ್ಪು. ಹಳದಿ ಒಂದು ಹನಿಯೂ ಇರಲಿಲ್ಲ. ಪರದೆಗೆ ಒತ್ತಿದ ಕೂಡಲೇ ಕೆಂಪು ಮೈಯಲ್ಲಿದ್ದ ನೂರಾರು ತೂತುಗಳಿಂದ ದೀಪವೇ ಇಣುಕಿತು. ಆ ತೂತುಗಳೇ ಚಿನ್ನ! ಗಾಳಿಗೆ ಕುಡಿ ಅಲುಗಿದಾಗ ಚುಕ್ಕೆಗಳೆಲ್ಲ ಒಟ್ಟಿಗೆ ಮಿನುಗಿದವು. ನನಗೆ ಮೈ ಜುಮ್ಮೆಂದಿತು. ಮರುದಿನವೇ ಹೊಸ ತೊಗಲಿನ ಮೇಲೆ ಮೂರನೆಯ ಜಿಂಕೆ ಶುರು ಮಾಡಿದೆ. ಎರಡೂ ಬದಿಗೆ ಕೆಂಪು ಹಚ್ಚಿ, ಚುಕ್ಕೆಯ ಜಾಗಗಳನ್ನೆಲ್ಲ ಕೊರೆದು ಬರಿದಾಗಿಸಿದೆ.

ಶಾಲೆಯಲ್ಲಿ ಎಣ್ಣೆಯ ದೀಪ ಅಪಾಯವೆಂದು ಎಲ್‌ಇಡಿ ಪಟ್ಟಿಯೊಂದನ್ನು ಕಟ್ಟಿ ನೋಡಿದೆ. ಅದರಲ್ಲಿ ಸಾಲಾಗಿ ಹತ್ತಾರು ದೀಪಗಳಿರುವುದರಿಂದ ಜಿಂಕೆ ಪರದೆಯಿಂದ ಒಂದು ಗೇಣು ಹಿಂದೆ ಸರಿದರೂ ಹತ್ತಾರು ನೆರಳುಗಳು ಮೂಡಿದವು. ಕೊನೆಗೆ ಗಾಜಿನೊಳಗಿನ ತಂತಿ ಕಾಣುವ ಹಳೆಯ ಬಲ್ಬ್ ಒಂದೇ ಒಂದನ್ನು ಪರದೆಯಿಂದ ನಾಲ್ಕು ಅಡಿ ಹಿಂದೆ ತೂಗುಹಾಕಿದೆ. ಮಿನುಗು ಕಡಿಮೆಯಾಯಿತು, ಅದರ ಬೇಸರ ನನಗೆ ಈಗಲೂ ಇದೆ. ಆದರೆ ನೆರಳು ಸ್ಪಷ್ಟವಾಗಿ ನಿಂತಿತು. ಗೊಂಬೆಯನ್ನು ಪರದೆಗೂ ಬಲ್ಬಿಗೂ ಸರಿಯಾಗಿ ನಡುವೆ, ಎರಡಡಿಗೆ ತಂದರೆ ನೆರಳು ಎರಡರಷ್ಟಾಗುತ್ತದೆ. ಅಂಚು ಮಸುಕಾಗುತ್ತದೆ, ಬಣ್ಣ ತೆಳುವಾಗುತ್ತದೆ. ಬಾಣ ತಗುಲಿದ ಜಿಂಕೆ ಮಾರೀಚನಾಗುವ ಗಳಿಗೆಗೆ ಇದನ್ನೇ ಉಳಿಸಿಕೊಂಡೆ. ಜಿಂಕೆಯನ್ನು ಮೆಲ್ಲಗೆ ಹಿಂದಕ್ಕೆ ಎಳೆದು, ಅದು ಪರದೆಯ ತುಂಬ ಹರಡಿ ಮಬ್ಬಾಗುತ್ತಿದ್ದಂತೆ ಇನ್ನೊಂದು ಕೈಯಿಂದ ರಾಕ್ಷಸನನ್ನು ಪರದೆಗೆ ಒತ್ತಿದೆ. ಅಂಗಳದಲ್ಲಿ ಕುಳಿತಿದ್ದ ಮಕ್ಕಳ ಗಲಾಟೆ ಒಮ್ಮೆಲೇ ನಿಂತಿತು.

ಆಟ ಮುಗಿದ ಮೇಲೆ ಐದನೆಯ ತರಗತಿಯ ಹುಡುಗಿಯೊಬ್ಬಳು ಪರದೆಯ ಹಿಂದೆ ಬಂದು, ಚಿನ್ನದ ಬಣ್ಣ ಎಲ್ಲಿ ಸಿಗುತ್ತದೆ ಎಂದು ಕೇಳಿದಳು. ಜಿಂಕೆಯನ್ನು ಅವಳ ಕೈಗೆ ಕೊಟ್ಟೆ. ಹಿಂದೆ ಮುಂದೆ ತಿರುಗಿಸಿದಳು. ಒಂದು ತೂತಿನ ಮೇಲೆ ಬೆರಳಿಟ್ಟು, "ಇಲ್ಲಿ ಏನೂ ಇಲ್ಲವಲ್ಲ ಟೀಚರ್" ಎಂದಳು. ನಾನು ಅಂಗಳದ ದೀಪ ಆರಿಸಿ, ಬಲ್ಬ್ ಮತ್ತೆ ಹಚ್ಚಿ, ಬಿದಿರಿನ ಕಡ್ಡಿಯನ್ನು ಹೇಗೆ ಹಿಡಿಯಬೇಕೆಂದು ಅವಳಿಗೆ ತೋರಿಸಿದೆ.